ಎಡಗೈ ಸಹಿ

ಯಜಮಾನ ಕಾರ್ಖಾನೆಯ ಯಂತ್ರಗಳನ್ನು ಒಂದೊಂದಾಗಿ ಲಾರಿಗೆ ಏರಿಸುತ್ತಿದ್ದಾನೆ ಎಂದು ಹಳೆಯ ಜೊತೆಗಾರ ಫೋನು ಮಾಡಿದ. "ನಿನ್ನ ಕೈ ತಿಂದ ಪ್ರೆಸ್ಸೂ ಹೋಯ್ತು ಕಣೋ. ಅವನು ಬೀಗ ಹಾಕ್ಕೊಂಡು ಹೋದಮೇಲೆ ಪರಿಹಾರ ಯಾರನ್ನ ಕೇಳ್ತೀಯ, ಗೋಡೇನಾ?"

ನನ್ನ ಬಲಗೈ ಮಣಿಕಟ್ಟಿನವರೆಗೆ ತುಂಡಾದ ವರ್ಷವೇ ಮಗಳು ಶಾಲೆಗೆ ಸೇರಿದಳು. ಈಗ ನನ್ನನ್ನೇ ತಿದ್ದುವಷ್ಟಾಗಿದ್ದಾಳೆ. ಪರಿಹಾರದ ಕೇಸು ಮಾತ್ರ ಇದ್ದಲ್ಲೇ ಇದೆ. ಬೇಗ ವಿಚಾರಣೆ ಮಾಡಿ ಎಂದು ಕೇಳುವ ಅರ್ಜಿಯನ್ನು ವಕೀಲರು ಬರೆದರು. ಮರುದಿನದಿಂದ ಕೋರ್ಟಿಗೆ ರಜೆ. "ಇವತ್ತೇ ಸಾಹೇಬ್ರ ಮುಂದೆ ಹೋಗ್ಬೇಕು. ತಪ್ಪಿದ್ರೆ ಇನ್ನೆಷ್ಟು ದಿನವೋ" ಎಂದರು.

ಸಹಿ ಹಾಕಿದೆ. ಎಡಗೈಯಲ್ಲಿ.

ಅದನ್ನು ಕಲಿಸಿದವಳು ಮಗಳು. ಸಂಜೆ ಅಡುಗೆಮನೆಯ ನೆಲದ ಮೇಲೆ ಸ್ಲೇಟು ಹಿಡಿದು ಕೂರಿಸುತ್ತಿದ್ದಳು. "ಅಪ್ಪಾ, ಬಳಪದ ಕತ್ತು ಹಿಸುಕಬೇಡ. ಅದೇನು ನಿಮ್ಮ ಯಜಮಾನನಾ?" ಸಿಟ್ಟು ಬಂದು ಸ್ಲೇಟು ಎಸೆಯುತ್ತಿದ್ದೆ. ಅವಳು ಎತ್ತಿಕೊಂಡು ಬರುತ್ತಿದ್ದಳು. ಹೆಂಡತಿ ಒಲೆಯ ಮುಂದಿನಿಂದಲೇ, "ಗುರುಗಳಿಗಿಂತ ಶಿಷ್ಯನ ಕೂಗೇ ಜಾಸ್ತಿ" ಎನ್ನುತ್ತಿದ್ದಳು.

ಕೋರ್ಟಿನ ಕಿಟಕಿಯಲ್ಲಿ ಕೂತ ಗುಮಾಸ್ತ ಅರ್ಜಿಯನ್ನು ತಿರುಗಿಸಿ ನೋಡಿದ.

"ಮೊದಲನೇ ಅರ್ಜೀಲಿ ಹೆಬ್ಬೆಟ್ಟು. ಇದ್ರಲ್ಲಿ ಸಹಿ. ಇಬ್ಬರೂ ಒಬ್ಬರೇನಾ?"

"ಆಗ ಎಡಗೈಲಿ ಬರೆಯೋಕೆ ಬರ್ತಿರಲಿಲ್ಲ ಸಾರ್. ಆಮೇಲೆ ಕಲಿತೆ."

"ಒಳ್ಳೇದಾಯ್ತು. ಕಲಿತೆ ಅಂತ ಒಂದು ಪ್ರಮಾಣಪತ್ರ ಮಾಡಿಸಿ, ರಜೆ ಮುಗಿಸ್ಕೊಂಡು ಬನ್ನಿ."

ವಕೀಲರು ನನ್ನ ಕಿವಿಯ ಹತ್ತಿರ ಬಂದರು. "ಸಹಿ ಹೊಡೆದುಹಾಕಿ ಹೆಬ್ಬೆಟ್ಟು ಒತ್ತಿಬಿಡಪ್ಪ. ಆ ಸಹಿ ನೋಡಿದ್ರೆ ಎದುರು ವಕೀಲರು, ಕೈ ಇಲ್ದೇನೂ ಚೆನ್ನಾಗೇ ಇದ್ದಾನಲ್ಲ, ಏನವಸರ ಅಂತಾರೆ."

ಹಿಂದೊಮ್ಮೆ ಇದೇ ಜಾಗದಲ್ಲಿ ಕೂಗಾಡಿದ್ದಕ್ಕೆ ಪೊಲೀಸಿನವನು ತೋಳು ಹಿಡಿದು ಹೊರಗೆ ಬಿಟ್ಟಿದ್ದ. ಈ ಸಲವೂ ಸಿಟ್ಟು ಬರಲಿ ಎಂದು ಕಾದೆ. ಬರಲಿಲ್ಲ. ನನ್ನ ಹೆಸರಿನ ಮೇಲೆ ಗೆರೆ ಎಳೆದೆ. ಗೆರೆ ನೇರವಾಗಿ ಬಂತು. ಮಗಳು ನೋಡಿದ್ದರೆ ಭೇಷ್ ಎನ್ನುತ್ತಿದ್ದಳು. ಹೆಬ್ಬೆರಳನ್ನು ಮಸಿಗೆ ಅದ್ದಿ ಒತ್ತಿದೆ.

ಮಸಿ ಒರೆಸಿಕೊಳ್ಳಲು ಇನ್ನೊಂದು ಕೈ ಬೇಕು. ಕಿಟಕಿಯ ಪಕ್ಕದ ಗೋಡೆಯ ತುಂಬ ನೀಲಿ ಬೆರಳಿನ ಗುರುತುಗಳಿದ್ದವು. ನಾನೂ ಅಲ್ಲೇ ಉಜ್ಜಿದೆ.

ಮಧ್ಯಾಹ್ನ ನ್ಯಾಯಾಧೀಶರು ಅರ್ಜಿ ಒಪ್ಪಿಕೊಂಡರು. ರಜೆ ಕಳೆದ ಮೊದಲ ವಾರವೇ ವಿಚಾರಣೆ ಎಂದರು. ಹೊರಗೆ ಬಂದ ವಕೀಲರು ಕೈ ಕುಲುಕಲು ಬಲಗೈ ಚಾಚಿ, ನೆನಪಾಗಿ, ನನ್ನ ಭುಜ ತಟ್ಟಿದರು.

"ಅಷ್ಟರಲ್ಲಿ ಕಾರ್ಖಾನೆ ಖಾಲಿ ಆಗಿರುತ್ತಲ್ಲ ಸಾರ್?"

"ಬೇಗ ಅಂದ್ರೆ ಇಷ್ಟೇ ಕಣಪ್ಪ. ಇದಕ್ಕಿಂತ ಬೇಗ ಇಲ್ಲಿ ಯಾರಿಗೂ ಆಗಿಲ್ಲ."

ತಲೆಯಾಡಿಸಿದೆ. ಕಾರ್ಖಾನೆಯ ರಸ್ತೆಯಲ್ಲೇ ಬಸ್ಸು ಬಂತು. ಗೇಟಿನಲ್ಲಿ ಇನ್ನೊಂದು ಲಾರಿ ನಿಂತಿತ್ತು. ಇಳಿಯಬೇಕು ಅನ್ನಿಸಲಿಲ್ಲ.

ಮನೆಯಲ್ಲಿ ಮಗಳು ಬಾಗಿಲಲ್ಲೇ ಕೇಳಿದಳು. "ಸಹಿ ನೋಡಿ ಏನಂದ್ರಪ್ಪಾ?"

"ಚೆನ್ನಾಗಿದೆ ಅಂದ್ರು."

"ನಾನ್ ಹೇಳ್ಲಿಲ್ವಾ! ಇವತ್ತು ಮನೆ ವಿಳಾಸ ಬರೆಯೋದು. ಕೂತ್ಕೋ."

ಕೂತೆ. ಬಳಪ ಕೊಟ್ಟಳು. ಹಿಡಿದುಕೊಂಡೆ. ಹಿಡಿದಲ್ಲಿ ಅದು ನೀಲಿಯಾಯಿತು. ಅವಳು ಅದನ್ನು ನೋಡಿದಳು, ನನ್ನ ಹೆಬ್ಬೆರಳನ್ನು ನೋಡಿದಳು. ಒದ್ದೆ ಬಟ್ಟೆ ತರಲು ಒಳಗೆ ಹೋದಳು.