ಹೊಟ್ಟೆನೋವಿನ ಊರು

ಬನಹಟ್ಟಿಯ ಆ ಸಣ್ಣ ನರ್ಸಿಂಗ್ ಹೋಮಿನ ಬಾಗಿಲು ತೆರೆಯುವ ಮೊದಲೇ ಕಟ್ಟೆಯ ಮೇಲೆ ಹೆಂಗಸರು ಕೂತಿರುತ್ತಿದ್ದರು. ಹಿಂದಿನ ಓಣಿಯಲ್ಲಿ ಮಗ್ಗಗಳ ಖಟಪಟ ಶುರುವಾಗಿ ಎಷ್ಟೋ ಹೊತ್ತಾಗಿರುತ್ತಿತ್ತು. ಕೌಂಟರಿನ ಪರಮಾನಂದ ಕಂಪ್ಯೂಟರಿಗೆ ಊದುಬತ್ತಿ ಬೆಳಗಿ, ಕನ್ನಡಕ ಒರೆಸಿಕೊಂಡು, ಮೊದಲನೆಯವಳನ್ನು ಕೇಳುತ್ತಿದ್ದ.

“ಏನಾಗೇತ್ರಿ ಅಕ್ಕಾರ?”

“ಹೊಟ್ಟಿನೋವ್ರಿ.”

ಎರಡನೆಯವಳಿಗೂ ಹೊಟ್ಟೆನೋವು, ಮೂರನೆಯವಳಿಗೂ ಅದೇ. ಆ ಊರಿನ ಗಂಡಸರಿಗೆ ಮಂಡಿ, ಬೆನ್ನು, ಎದೆ, ಹಲ್ಲು ಎಲ್ಲವೂ ನೋಯುತ್ತಿದ್ದವು. ಹೆಂಗಸರಿಗೆ ಮಾತ್ರ ದೇವರು ಹೊಟ್ಟೆಯೊಂದನ್ನೇ ಕೊಟ್ಟು ಕಳಿಸಿದಂತಿತ್ತು. ಡಾಕ್ಟರ್ ಸಿದ್ಧಿಯವರ ಕೋಣೆಯ ಬಾಗಿಲು ಹಾಕಿಕೊಂಡ ಮೇಲೆಯೇ ನೋವು ತನ್ನ ಸ್ವಂತ ಜಾಗಕ್ಕೆ ಇಳಿಯುತ್ತಿತ್ತು.

ಡಾಕ್ಟರು ಇಂಗ್ಲಿಷಿನಲ್ಲಿ ಗೀಚಿದ್ದನ್ನು ಓದಿ, ಪ್ರತಿ ಕಾಯಿಲೆಗೂ ಅದರ ಕೋಡ್ ಸಂಖ್ಯೆ ಹಾಕುವುದು ಪರಮಾನಂದನ ಕೆಲಸ. ಅದಕ್ಕಾಗಿ ಬೆಳಗಾವಿಯಲ್ಲಿ ಕೋರ್ಸು ಮುಗಿಸಿ ಬಂದಿದ್ದ. ಸಂಖ್ಯೆ ಒತ್ತಿದರೆ ಕಾಯಿಲೆಯ ಹೆಸರು ಕನ್ನಡದಲ್ಲಿ ಅಚ್ಚಾಗಿ ಬರುವಂತೆ ತಾನೇ ಏರ್ಪಾಟು ಮಾಡಿಕೊಂಡಿದ್ದ. ಅದರ ಬಗ್ಗೆ ಅವನಿಗೆ ಅಭಿಮಾನವಿತ್ತು. ಹೆಂಗಸರ ‘ಆ ಜಾಗದ’ ಗಾಯಗಳು ಬಂದಾಗ ಮಾತ್ರ ಅವನ ಬೆರಳು ತಲೆ ತಗ್ಗಿಸಿ, ಆರ್ ಹತ್ತು ಎಂದು ಒತ್ತಿಬಿಡುತ್ತಿತ್ತು. ಆರ್ ಹತ್ತು ಎಂದರೆ ಹೊಟ್ಟೆನೋವು. ಹೆಂಡತಿಯ ಹಾಳೆ ಓದಿದ ಗಂಡಂದಿರು ನಿರಾಳವಾಗಿ ಮಡಚಿ ಕಿಸೆಗೆ ಹಾಕಿಕೊಳ್ಳುತ್ತಿದ್ದರು. ಮಾಸ್ತರಿಕೆ ಮಾಡಿದ್ದ ತನ್ನ ಅಪ್ಪನಿಂದ ಕಲಿತ ಮರ್ಯಾದೆ ಇದೇ ಎಂದು ಅವನು ತಿಳಿದಿದ್ದ.

ಅನಸವ್ವ ಮೊದಲ ಸಲ ಬಂದಾಗಲೂ ಅವನು ಆ ಮರ್ಯಾದೆಯನ್ನೇ ತೋರಿಸಿದ. ಅವಳ ಮನೆಯದು ಕುಣಿಮಗ್ಗ: ನೆಲದ ತಗ್ಗಿನೊಳಗೆ ಕಾಲು ಇಳಿಬಿಟ್ಟು, ಅಂಚಿನ ಹಲಗೆಯ ಮೇಲೆ ಕೂತು ನೇಯಬೇಕು. ಏಳುವಾಗ ಕಾಲು ಜಾರಿ, ಅವಳು ಆ ಹಲಗೆಯ ಅಂಚಿನ ಮೇಲೆಯೇ ಕಾಲು ಅಗಲಿಸಿ ಬಿದ್ದಿದ್ದಳು. ದೊಡ್ಡ ಗಾಯವೇನಲ್ಲ. ಸಿದ್ಧಿಯವರು ಹೊಲಿಗೆ ಹಾಕಿ, “ಮಾಯೂತನಕ ಮಗ್ಗದ ಮ್ಯಾಲೆ ಕುಂದರಬ್ಯಾಡ,” ಎಂದು ಹೇಳಿ ಕಳಿಸಿದ್ದರು.

ವಾರ ಕಳೆಯುವಷ್ಟರಲ್ಲಿ ಅವಳು ಮತ್ತೆ ಬಂದಳು. ಜ್ವರವಿತ್ತು. ಗೋಡೆ ಹಿಡಿದು ನಡೆಯುತ್ತಿದ್ದಳು. ಹಿಂದೆ ಅತ್ತೆ ಮುದಕವ್ವ, ಬಾಯಲ್ಲಿ ಎಲೆಅಡಿಕೆ, ಮುಖದಲ್ಲಿ ಅಸಮಾಧಾನ.

“ಹೊಟ್ಟಿನೋವಿಗೆ ಇಷ್ಟ ಕುಣಿತ ನಾ ಎಲ್ಲೂ ಕಂಡಿಲ್ಲವಾ,” ಎಂದು ಮುದಕವ್ವ ಕಟ್ಟೆಯ ಮೇಲಿದ್ದವರಿಗೆಲ್ಲ ಕೇಳುವಂತೆ ಅಂದಳು. “ಅಜವಾನದ ನೀರ ಕುಡಿಸೀನಿ. ಬೆನ್ನಿಗೆ ದಿಂಬ ಕೊಟ್ಟೀನಿ. ಮಗ್ಗದ ಮುಂದ ಕುಂತರ ಮಾರಿ ಸಣ್ಣ ಮಾಡ್ತಾಳ.”

ಒಳಗಿನಿಂದ ಸಿದ್ಧಿಯವರು ಹೊರಬಂದಾಗ ಅವರ ಮುಖ ಬಿಗಿದಿತ್ತು. ಪರಮಾನಂದನನ್ನು ಪಕ್ಕದ ಕೋಣೆಗೆ ಕರೆದರು.

“ಹೊಲಿಗಿ ಕಿತ್ತಾವ. ಕೀವ ಆಗೇತಿ. ಇನ್ನೂ ಕೆಟ್ರ ಜಮಖಂಡಿ ದೊಡ್ಡ ದವಾಖಾನಿಗೆ ಕಳಸಬೇಕಾಗ್ತೈತಿ. ಮಗ್ಗದ ಮ್ಯಾಲೆ ಯಾಕ ಕುಂತಿ ಅಂದ್ರ, ‘ಹಾಳ್ಯಾಗ ಹೊಟ್ಟಿನೋವು ಅಂತ ಇತ್ತರಿ, ಅತ್ತಿ ಏಳಗೊಡಲಿಲ್ಲ’ ಅಂತಾಳ. ಯಾರ ಬರದದ್ದು ಅದು?”

ಪರಮಾನಂದ ಕನ್ನಡಕ ತೆಗೆದ. “ನಾನ ರಿ ಮೇಡಮ್ಮರ. ಆ ಹಾಳಿ ಎಷ್ಟ ಮಂದಿ ಕೈಯಾಗ ಹೋಗ್ತೈತಿ ನೋಡ್ರಿ. ಔಷಧ ಅಂಗಡ್ಯಾಗ ಓದ್ತಾರ, ಬಾಜೂ ಮನಿಯವ್ರು ಓದ್ತಾರ. ನಮ್ಮೂರಾಗ ಅಂಥಾದ್ದ ಬರದ್ರ ಆ ಹೆಣ್ಮಗಳು ಹೊರಗ ತಿರಗ್ಯಾಡೂದ ಹ್ಯಾಂಗ?”

“ಅದು ಖರೆ. ಅದಕ್ಕ ಲಕೋಟಿ ಐತಿ. ಮುಚ್ಚಿ ಕೊಡ್ರಿ, ಬ್ಯಾಡ ಅನ್ನಂಗಿಲ್ಲ. ಆದ್ರ ಒಳಗ ಸುಳ್ಳ ಯಾಕ ಇಡ್ತೀರಿ? ನಾಳೆ ನಾ ರಜಾ ಹಾಕಿದ್ರ, ಬಂದ ಡಾಕ್ಟರ್ ಆ ಹಾಳಿ ನೋಡಿ ಹೊಟ್ಟಿಗೇ ಗುಳಿಗಿ ಕೊಡ್ತಾನ.” ಸಿದ್ಧಿಯವರು ಕೈಗವಸು ಕಳಚುತ್ತ ಅಂದರು: “ನಂದೂ ತಪ್ಪ ಐತಿ. ಸಂಜಿಗೆ ಕಟ್ಟುಗಟ್ಟಲೆ ಸಹಿ ಮಾಡ್ತೀನಿ, ಓದೂದಿಲ್ಲ.”

ಗಾಯ ತೊಳೆಸಿಕೊಂಡು ಮಂಚದ ಮೇಲೆ ಒರಗಿದ್ದ ಅನಸವ್ವ ಅವನನ್ನು ಕಂಡು ಸೆರಗು ಎಳೆದುಕೊಂಡಳು. ಪರಮಾನಂದ ಬಾಗಿಲಲ್ಲೇ ನಿಂತ.

“ಮನ್ಯಾಗ ನೀವರೆ ಹೇಳಬೇಕಿತ್ತಲ್ರಿ ಅಕ್ಕಾರ,” ಎಂದ. ಹೇಳಿದ ಮೇಲೆ ಅವನಿಗೇ ಸರಿ ಕಾಣಲಿಲ್ಲ.

“ಹ್ಯಾಂಗ ಹೇಳ್ಲಿರಿ? ಗಂಡಗ ಹೇಳಾಕ ಬಾಯಿ ಬರಲಿಲ್ಲ, ಅತ್ತಿಗೆ ಬರಲಿಲ್ಲ. ಹಾಳಿ ಐತಲ್ಲ, ಓದಿಕೋತಾರ, ಅದ ಹೇಳ್ತೈತಿ ಅನ್ಕೊಂಡೆ.” ಅವಳು ಗೋಡೆಯ ಕಡೆ ನೋಡಿದಳು. “ಹಾಳಿಗೂ ನಾಚಿಕಿ ಬಂತ.”

ಅವನು ಕೌಂಟರಿಗೆ ಬಂದು ಕೂತ. ಸರಿಯಾದ ಸಂಖ್ಯೆ ಅವನಿಗೆ ಗೊತ್ತಿಲ್ಲದ್ದೇನಲ್ಲ. ಪರೀಕ್ಷೆಯಲ್ಲಿ ಬರೆದು ಅಂಕ ಪಡೆದಿದ್ದ. ಎಸ್ ಮೂವತ್ತೊಂದು ಬಿಂದು ನಾಲ್ಕು. ಅದರ ಮುಂದಿನ ಕನ್ನಡದ ಜಾಗ ಖಾಲಿ ಇತ್ತು, ಯಾಕೆಂದರೆ ಅಲ್ಲಿ ಅವನು ಯಾವತ್ತೂ ಏನನ್ನೂ ಬರೆದಿರಲಿಲ್ಲ. ಒಂದೊಂದೇ ಅಕ್ಷರ ಒತ್ತಿದ. ಪಕ್ಕದಲ್ಲಿ ನಿಂತಿದ್ದ ಕಂಪೌಂಡರ್ ನಿಂಗಣ್ಣ ಪರದೆಗೆ ಬಗ್ಗಿ ಓದಿ, “ಲೇ ಪರಮ್ಯಾ, ಏನಿದು?” ಅಂದ.

“ಗಾಯ,” ಎಂದ ಪರಮಾನಂದ. “ಕೈ ಮುರದ್ರ ಕೈ ಅಂತ ಬರೀತೀವಿಲ್ಲೋ.”

ಅಚ್ಚಾದ ಹಾಳೆ ಹಿಡಿದು ಮತ್ತೆ ಅನಸವ್ವನ ಬಾಗಿಲಿಗೆ ಹೋದ. “ಅತ್ತಿಯವರಿಗೆ ನಾ ಓದಿ ಹೇಳ್ಲೇನ್ರಿ? ನೀವು ಬ್ಯಾಡ ಅಂದ್ರ ಇಲ್ಲ.”

ಅವಳು ಅವನ ಕೈಯಲ್ಲಿದ್ದ ಹಾಳೆಯ ಕಡೆ ನೋಡಿದಳು. “ಹೇಳ್ರಿ. ನನ್ನ ಕೈಲೆ ಆಗೂದಿಲ್ಲ.”

ಮುದಕವ್ವನನ್ನು ಕಟ್ಟೆಯಿಂದ ಎಬ್ಬಿಸಿ ಪಕ್ಕದ ಕೋಣೆಗೆ ಕರೆತಂದು, ಕುರ್ಚಿಯಲ್ಲಿ ಕೂರಿಸಿ, ಬಾಗಿಲು ಮುಂದೆ ಮಾಡಿದ. ಅವನ ಕಿವಿ ಕೆಂಪಾಗಿತ್ತು. ಆದರೂ ದಿನಸಿ ಚೀಟಿ ಓದುವ ದನಿಯಲ್ಲೇ ಓದಿದ: “ಯೋನಿಯ ಹೊರಭಾಗದಲ್ಲಿ ಸೀಳುಗಾಯ. ಹೊಲಿಗೆ ಕಿತ್ತು ಕೀವಾಗಿದೆ. ಮಾಯುವವರೆಗೆ ಮಗ್ಗದ ಮೇಲೆ ಕೂರಬಾರದು.”

ಮುದಕವ್ವ ಎಲೆಅಡಿಕೆ ಜಗಿಯುವುದನ್ನು ನಿಲ್ಲಿಸಿದಳು. ಈಗ ಬೈಗುಳ ಬರುತ್ತದೆ ಎಂದು ಪರಮಾನಂದ ಹಾಳೆ ಮಡಚತೊಡಗಿದ.

“ಹಲಗಿ ಮ್ಯಾಲೆ ಬಿದ್ಲೇನ?” ಎಂದು ಮುದುಕಿ ಕೇಳಿದಳು.

“ಹೌದ್ರಿ.”

“ಆ ಹಲಗಿ ಮ್ಯಾಲೆ ಹಂಗ ಕುಂತ ಇಷ್ಟ ದಿನ ನೇಯ್ದಳಾ?” ಅವಳ ದನಿ ಇಳಿದಿತ್ತು. “ನಾ ದಿಂಬ ಬೆನ್ನಿಗೆ ಕೊಟ್ಟೆ ನೋಡ.”

ಮುದಕವ್ವ ಎದ್ದು ಒಳಬಾಗಿಲ ತನಕ ಹೋಗಿ, ಸೊಸೆಯ ಕಡೆ ನೋಡದೆ ಅಂದಳು: “ನೀ ಇಲ್ಲೇ ಮಲಗ. ಮಗ್ಗಕ್ಕ ನಿನ್ನ ಗಂಡನ್ನ ಕೂಡಸ್ತೀನಿ. ಯಾಕ ಅಂತ ಕೇಳಲಿ, ನಾ ಹೇಳ್ತೀನಿ ಅವಗ. ಹಡದಾಕಿ ನಾನು, ನನಗೇನ ನಾಚಿಕಿ.”

ಹೇಳಿದವಳು ಹೊರಡಲಿಲ್ಲ. ಪರಮಾನಂದನ ಮುಂದೆ ಬಂದು ಮತ್ತೆ ಕುರ್ಚಿಯಲ್ಲಿ ಕೂತಳು. ಸೆರಗಿನ ತುದಿಯನ್ನು ಬೆರಳಿಗೆ ಸುತ್ತಿದಳು, ಬಿಚ್ಚಿದಳು.

“ತಮ್ಮಾ, ನನ್ನ ಸಣ್ಣ ಮಗ ಹುಟ್ಟಿದಾಗಿಂದ ನನಗೂ ಒಂದ ಐತಿ,” ಎಂದಳು. “ಎಲ್ಲಾರಿಗೂ ಹೊಟ್ಟಿನೋವು ಅಂತ ಹೇಳಕೊಂಡ ಬಂದೀನಿ.”

ಪರಮಾನಂದ ಬಾಗಿಲು ಪೂರ್ತಿ ಹಾಕಿ, ಹೊಸ ಚೀಟಿಯ ಮೇಲೆ ಅವಳ ಹೆಸರು ಬರೆದ.

“ನನಗ ಹೇಳ್ತೀರೋ, ಮೇಡಮ್ಮರನ್ನ ಕರೀಲೋ, ಯವ್ವಾ?”

“ಕರಿ ಆಕೀನ,” ಎಂದಳು ಮುದಕವ್ವ. “ನೀನೂ ಇರು. ಬರಿಯಾವ ನೀನ ಅಲ್ಲೇನ.”